ಸುಳ್ಯ ಸೀಮೆಯ ರಬ್ಬರಿನ ಪೂರ್ವವೃತ್ತಾಂತ

ಗುತ್ತಿಗಾರು, ಸುಳ್ಯಗಳ ಕಡೆ ಅಡಕೆತೋಟಗಳ ಮೇಲಣ ಗುಡ್ಡಗಳಲ್ಲಿ ಸಾಲಾಗಿ ನಿಂತಿರುವ ರಬ್ಬರು ಮರವು ಈ ನಾಡಿನದಲ್ಲ. 1876ರಲ್ಲಿ ವಿಕ್‌ಹ್ಯಾಮನೆಂಬ ಆಂಗ್ಲನು ಅದರ ಬೀಜಗಳನ್ನು ಬ್ರೆಜಿಲಿನಿಂದ ಲಂಡನಿನ ಕ್ಯೂ ಉದ್ಯಾನಕ್ಕೆ ಒಯ್ದನು. ಅಲ್ಲಿ ಮೊಳೆತ ಸಸಿಗಳು ಅದೇ ವರ್ಷ ಸಿಂಹಳದ್ವೀಪವನ್ನು ಸೇರಿದುವು. 1888ರಲ್ಲಿ ಡನ್‌ಲಪನು ಗಾಳಿ ತುಂಬುವ ಟಯರನ್ನು ರಚಿಸಿ, ಬಳಿಕ ಮೋಟಾರು ಬಂಡಿಗಳು ಲೋಕವನ್ನೆಲ್ಲ ಹಬ್ಬಿದ ಮೇಲೆ, ಕಾಡುಮರದ ಹಾಲಿಗೆ ಚಿನ್ನದ ಬೆಲೆ ಬಂದಿತು.

ಮರದ ಪಾಡು ಇದಾದರೆ ಮನುಷ್ಯರ ಪಾಡು ಬೇರೆ. ಆಂಗ್ಲರ ಕಾಲದಲ್ಲಿ ಸಿಂಹಳದ ತೋಟಗಳಿಗೆ ಕೂಲಿಗೆಂದು ಹೋದ ತಮಿಳರ ಸಂತತಿಯವರಲ್ಲಿ ಬಹುಮಂದಿಗೆ 1948ರ ಶಾಸನದಿಂದ ಅಲ್ಲಿಯ ಪೌರತ್ವ ತಪ್ಪಿಹೋಯಿತು. 1964ರ ಶಾಸ್ತ್ರಿ–ಸಿರಿಮಾವೋ ಒಪ್ಪಂದದಲ್ಲಿ 5,25,000 ಮಂದಿಯನ್ನು ಸ್ವೀಕರಿಸಲು ಭಾರತವು ಸಮ್ಮತಿಸಿತು. (ಹಂಚಿಹೋದವರ ಇಷ್ಟವನ್ನು ಕೇಳುವ ಗೊಡವೆಗೆ ಎರಡು ಸರಕಾರಗಳೂ ಹೋಗಲಿಲ್ಲ.) ಹಾಗೆ ಬಂದವರಲ್ಲಿ ಅನೇಕ ಕುಟುಂಬಗಳಿಗೆ ಸುಳ್ಯ, ಪುತ್ತೂರುಗಳ ಸರಕಾರಿ ರಬ್ಬರು ತೋಟಗಳಲ್ಲಿ ಕೆಲಸ ದೊರೆಯಿತು, ಆ ತೋಟಗಳು ಮುಂದೆ ಅರಣ್ಯ ಅಭಿವೃದ್ಧಿ ನಿಗಮದ ವಶವಾದುವು.

ಬಿಸಿಲೇರಿದರೆ ಹಾಲಿನ ಹರಿವು ಕುಗ್ಗುವುದಾದುದರಿಂದ ಈ ಜನರು ನಸುಕಿನಲ್ಲಿಯೇ ತೊಗಟೆಯನ್ನು ಗೀರಬೇಕು. ಹಾಲು ಹೆಪ್ಪುಗಟ್ಟಿ ಹಾಳೆಯಾಗಿ, ಹೊಗೆಯಲ್ಲಿ ಒಣಗಿ, ಬಹುಪಾಲು ಟಯರಿನ ಕಾರ್ಖಾನೆಗಳಿಗೆ ಸಾಗುವುದು. ಅದರ ಬೆಲೆ ಕೋಟ್ಟಯಂ, ಬ್ಯಾಂಕಾಕುಗಳ ಪೇಟೆಗಳಲ್ಲಿ ಏರಿಳಿಯುವುದು; ಗೀರಿದ ಮರದ ಬುಡದಲ್ಲಿ ಹಾಲು ಮಾತ್ರ ಎಂದಿನಂತೆ ತೊಟ್ಟಿಕ್ಕುತ್ತಿರುವುದು.