ಮದ್ದೋ ಮದ್ಯವೋ: ತಿಕ್ತರಸದ ಒಂದು ಚರಿತ್ರೆ

ಚಾಲುಕ್ಯ ರಾಜಕುಮಾರಿ ಅಕ್ಕಾದೇವಿಯ ಆಳ್ವಿಕೆಯಿಂದಲೂ ನಾಗಕುಂಡದ ಶಿಲ್ಪದಿಂದಲೂ ಪ್ರಸಿದ್ಧವಾದ ಸೂಡಿಯು 1949ರಲ್ಲಿ ಮುಂಬಯಿ ಪ್ರಾಂತದ ಧಾರವಾಡ ಜಿಲ್ಲೆಯಲ್ಲಿತ್ತು. ಆ ವರ್ಷದ ಪಾನನಿಷೇಧದ ಕಾನೂನು ಆ ಪ್ರಾಂತಕ್ಕೆಲ್ಲ ಅನ್ವಯಿಸಿತು. ಸಾರಾಯಿಯ ವಿಷಯದಲ್ಲಿ ಸಂದೇಹಕ್ಕೆ ಎಡೆಯಿರಲಿಲ್ಲ. ಆದರೆ ವೈದ್ಯನ ಗೂಡಿನಲ್ಲಿರುವ ಅರಿಷ್ಟದ ಸೀಸೆಯು ಮದ್ದೋ ಮದ್ಯವೋ? ಈ ಪ್ರಶ್ನೆಯು ಮುಂಬಯಿಯಲ್ಲಿ ಮೊದಲು ಹುಟ್ಟಿದುದಲ್ಲ. ಕಹಿಯನ್ನು ಮದ್ಯಸಾರದೊಡನೆ ಕೂಡಿಸಿದ ದೇಶಗಳಲ್ಲೆಲ್ಲ ಅದು ಎದ್ದಿದೆ.

ನಮ್ಮ ಶಾಸ್ತ್ರಕಾರರು ತಿಕ್ತರಸದ ಸ್ವಭಾವವನ್ನು ಚೆನ್ನಾಗಿ ಅರಿತಿದ್ದರು. ತಾನು ರುಚಿಸದಿದ್ದರೂ ಅರುಚಿಯನ್ನು ಕಳೆಯುವುದು ಅದರ ವೈಚಿತ್ರ್ಯ. ಚರಕಸಂಹಿತೆಯು 84 ಬಗೆಯ ಆಸವಗಳನ್ನು ಎಣಿಸಿದೆ. ಔಷಧವನ್ನು ಬೇಯಿಸದೆ ಹುದುಗಿಸಿದುದು ಆಸವ, ಕಷಾಯ ಮಾಡಿ ಹುದುಗಿಸಿದುದು ಅರಿಷ್ಟವೆಂದು ಶಾರ್ಙ್ಗಧರನ ವಿಭಾಗ. ಜ್ವರಕ್ಕೆ ಕೊಡುವ ಅಮೃತಾರಿಷ್ಟದಲ್ಲಿ ಅಮೃತಬಳ್ಳಿ, ದಶಮೂಲಗಳ ಕಷಾಯಕ್ಕೆ ಬೆಲ್ಲ ಕೂಡಿಸಿ ಮುಚ್ಚಿಡುತ್ತಾರೆ. ಮದ್ಯಸಾರವು ಅದರಲ್ಲಿ ತಾನಾಗಿಯೇ ಹುಟ್ಟುತ್ತದೆ. ಹೊರಗಿನಿಂದ ಹನಿಯೂ ಬೀಳದು. ಮುಂದೆ ಕಾನೂನಿಗೆ ಈ ಭೇದವೇ ಮುಖ್ಯವಾಯಿತು.

ಪಾಶ್ಚಾತ್ಯರ ಕ್ರಮ ಬೇರೆ. ಅವರು ಭಟ್ಟಿಯಿಳಿಸಿದ ಮದ್ಯಸಾರದಲ್ಲಿ ಬೇರು ತೊಗಟೆಗಳನ್ನು ನೆನೆಯಿಟ್ಟು ಕಹಿಯನ್ನು ಸೆಳೆದರು. ಇದಕ್ಕೆ 'ಬಿಟರ್ಸ್' ಎಂದು ಹೆಸರು. ಲಂಡನ್ನಿನ ರಿಚರ್ಡ್ ಸ್ಟೌಟನ್ ಎಂಬಾತನು ತನ್ನ ಜಠರೌಷಧಕ್ಕೆ 1712ರಲ್ಲಿ ರಾಜಮುದ್ರೆಯ ಹಕ್ಕುಪತ್ರವನ್ನೇ ಪಡೆದನು. ಆದರೆ ಔಷಧವು ಪಾನಶಾಲೆಯ ಹಾದಿ ಹಿಡಿಯಲು ಹೆಚ್ಚು ಕಾಲ ಬೇಕಾಗಲಿಲ್ಲ. 1806ರ ಮೇ 13ರಂದು ನ್ಯೂಯಾರ್ಕ್ ಸಂಸ್ಥಾನದ ಹಡ್ಸನ್ ಪಟ್ಟಣದ ಪತ್ರಿಕೆಯೊಂದು 'ಕಾಕ್‌ಟೇಲ್' ಎಂದರೆ ಮದ್ಯ, ಸಕ್ಕರೆ, ನೀರು, ಬಿಟರ್ಸ್ ಇವುಗಳ ಮಿಶ್ರಣವೆಂದು ಓದುಗನೊಬ್ಬನಿಗೆ ವಿವರಿಸಿತು. ಇದನ್ನು ನುಂಗಿದವನು ಬೇರೆ ಏನನ್ನಾದರೂ ನುಂಗಬಲ್ಲನಾದ್ದರಿಂದ ಚುನಾವಣೆಯ ಉಮೇದುವಾರರಿಗೆ ಬಹಳ ಉಪಯುಕ್ತವೆಂದು ಸಂಪಾದಕರ ವಿನೋದ! ಎರಡು ಶತಮಾನ ಕಳೆದರೂ ಈ ಮಾತು ಹಳಸಿಲ್ಲ.

ಬಿಟರ್ಸುಗಳಲ್ಲೆಲ್ಲ ಹೆಸರಾದ 'ಅಂಗೋಸ್ತುರಾ' ಕೂಡ ವೈದ್ಯನ ಸೃಷ್ಟಿಯೇ. ಬೊಲಿವಾರನ ಸೈನ್ಯದಲ್ಲಿ ಶಸ್ತ್ರವೈದ್ಯನಾಗಿದ್ದ ಜರ್ಮನ್ ದೇಶದ ಯೋಹಾನ್ ಸೀಗರ್ಟನು ವೆನೆಜುವೆಲಾದ ಅಂಗೋಸ್ತುರಾ ನಗರದಲ್ಲಿ 1824ರಲ್ಲಿ ಇದನ್ನು ಸಿದ್ಧಪಡಿಸಿದನು. ಉದ್ದೇಶ ಸೈನಿಕರ ಅಜೀರ್ಣದ ಪರಿಹಾರ. ಅದರಲ್ಲಿ ಜೆನ್ಷಿಯನ್ ಎಂಬ ಕಹಿಬೇರು ಸೇರಿದೆ. ನಮ್ಮ ಹಿಮಾಲಯದ ಕಿರಾತತಿಕ್ತವು ಇದೇ ಸಸ್ಯಕುಲಕ್ಕೆ ಸೇರಿದುದು. ಅದನ್ನು 1839ರಲ್ಲಿ ಎಡಿನ್‌ಬರೋದ ಔಷಧಕೋಶವೂ ಅಂಗೀಕರಿಸಿತು. ಎರಡು ಪರಂಪರೆಗಳು ಬೇರೆಬೇರೆ ಬೆಟ್ಟಗಳಲ್ಲಿ ಒಂದೇ ಮನೆತನದ ಕಹಿಯನ್ನು ಕಂಡುಕೊಂಡುವೆಂಬುದು ಗಮನಾರ್ಹ.

ಅಮೇರಿಕದಲ್ಲಿ 1920ರಿಂದ 1933ರ ವರೆಗೆ ಪಾನನಿಷೇಧವಿದ್ದಾಗ ಈ ಔಷಧದ ಸೋಗು ಚೆನ್ನಾಗಿ ಬೆಳಕಿಗೆ ಬಂದಿತು. ವಿಸ್ಕಾನ್ಸಿನ್ ಪ್ರಾಂತದ ದ್ವೀಪವೊಂದರಲ್ಲಿ ಟಾಮ್ ನೆಲ್ಸನ್ ಎಂಬ ಪಾನಶಾಲೆಯ ಒಡೆಯನು ಔಷಧ ಮಾರುವ ಪರವಾನಗಿ ಪಡೆದು, ಗಿರಾಕಿಗಳಿಗೆ ಬಿಟರ್ಸನ್ನೇ ಬಟ್ಟಲಲ್ಲಿ ಹೊಯ್ದು ಕೊಟ್ಟನು. ಹನಿಯ ಲೆಕ್ಕದಲ್ಲಿ ಬಳಸತಕ್ಕ, ನೂರಕ್ಕೆ ನಲವತ್ತಕ್ಕಿಂತ ಹೆಚ್ಚು ಮದ್ಯಸಾರವುಳ್ಳ ವಸ್ತುವದು! ಆ ದ್ವೀಪದವರ ಹೊಟ್ಟೆನೋವು ಎಷ್ಟು ವ್ಯಾಪಕವಾಗಿತ್ತೋ ತಿಳಿಯದು.

ಇಂಥ ವಂಚನೆಯ ಭಯದಿಂದಲೇ ಮುಂಬಯಿಯ ಕಾನೂನು ಮದ್ಯಸಾರವುಳ್ಳ ಔಷಧಗಳನ್ನೂ ಬಿಗಿದಿತ್ತು. ಭಯ ನಿರಾಧಾರವಲ್ಲ, ಆದರೆ ವಂಚಕನಿಗೆ ಹಾಕಿದ ಬಲೆಯಲ್ಲಿ ರೋಗಿ ಸಿಕ್ಕಿಬೀಳುವುದು ನ್ಯಾಯವಲ್ಲ. ಬಲ್ಸಾರಾ ಎಂಬುವರ ಮೊಕದ್ದಮೆಯಲ್ಲಿ ಸುಪ್ರೀಮ್ ಕೋರ್ಟು 1951ರ ಮೇ 25ರಂದು ತೀರ್ಪಿತ್ತು, ಪಾನನಿಷೇಧವನ್ನು ಒಟ್ಟಿನಲ್ಲಿ ಎತ್ತಿಹಿಡಿದರೂ ಔಷಧ, ಸುಗಂಧದ್ರವ್ಯಗಳ ಮೇಲಿನ ಆ ನಿರ್ಬಂಧವನ್ನು ಅಸಿಂಧುವೆಂದಿತು. ಬಳಿಕ ಬಂದ ತಿದ್ದುಪಡಿಯು ಅಮಲಿಗಾಗಿ ಕುಡಿಯಲು ಯೋಗ್ಯವಲ್ಲದ ಔಷಧಗಳಿಗೆ ವಿನಾಯಿತಿ ಕೊಟ್ಟಿತು. 1955ರ ಕೇಂದ್ರ ಸುಂಕದ ಕಾಯಿದೆಯೂ ತಾನಾಗಿ ಹುಟ್ಟಿದ ಮದ್ಯಸಾರವುಳ್ಳ ಆಯುರ್ವೇದ ಔಷಧಗಳನ್ನು ಪ್ರತ್ಯೇಕವಾಗಿ ಗಣಿಸಿ, ಸಾಮಾನ್ಯ ಮದ್ಯದಂತೆ ಕುಡಿಯಲಾಗದವುಗಳನ್ನು ಸುಂಕದಿಂದ ಬಿಟ್ಟಿತು. ಹೀಗೆ ನಾಲಗೆ ಒಲ್ಲೆನೆಂದ ಕಹಿಯೇ ಅರಿಷ್ಟದ ಪರವಾಗಿ ಸಾಕ್ಷಿ ನುಡಿಯಿತು. ಮುಂದಿನ ವರ್ಷ, 1956ರ ನವೆಂಬರ್ 1ರಂದು, ಸೂಡಿಯು ಧಾರವಾಡ ಜಿಲ್ಲೆಯೊಡನೆ ಮೈಸೂರು ರಾಜ್ಯವನ್ನು ಸೇರಿತು.