ಸಂಯೋಜಿತ ಕಾಲೇಜುಗಳ ಅಧ್ಯಾಪಕ ನೇಮಕ: ವಿಶ್ವವಿದ್ಯಾಲಯದ ಅಧಿಕಾರದ ಮಿತಿ

ಸಂಯೋಜಿತ ಕಾಲೇಜಿನ ಅಧ್ಯಾಪಕರಿಗೆ ವಿಶ್ವವಿದ್ಯಾಲಯ ಯಜಮಾನನಲ್ಲ. ಪಠ್ಯಕ್ರಮ ಅದರದು, ಪರೀಕ್ಷೆ ಅದರದು, ಪದವಿ ಪ್ರಮಾಣಪತ್ರದ ಮೇಲಿನ ಮೊಹರೂ ಅದರದೇ. ಆದರೆ ನೇಮಕಾತಿ ಆದೇಶ ಹೊರಡುವುದು ಕಾಲೇಜಿನ ಆಡಳಿತ ಮಂಡಳಿಯಿಂದ. ಸರ್ಕಾರಿ ಪ್ರಥಮ ದರ್ಜೆ ಕಾಲೇಜಾದರೆ ಸರ್ಕಾರದಿಂದ. ವಿಶ್ವವಿದ್ಯಾಲಯ ಮತ್ತು ನೇಮಕ ಮಾಡುವವರ ನಡುವಿನ ಗಡಿಯನ್ನು ಭಾರತದಲ್ಲಿ ಗುರುತಿಸಿಕೊಟ್ಟದ್ದು ಕಾಯ್ದೆಗಳಿಗಿಂತ ಹೆಚ್ಚಾಗಿ ಸುಪ್ರೀಂ ಕೋರ್ಟಿನ ತೀರ್ಪುಗಳು. ಅವುಗಳಲ್ಲಿ ಬಹುಪಾಲು ಅಲ್ಪಸಂಖ್ಯಾತ ಸಂಸ್ಥೆಗಳು, ಅಲ್ಪಸಂಖ್ಯಾತರಿಗೆ ಶಿಕ್ಷಣ ಸಂಸ್ಥೆ ಸ್ಥಾಪಿಸಿ ನಡೆಸುವ ಹಕ್ಕು ಕೊಡುವ ಸಂವಿಧಾನದ 30(1)ನೇ ವಿಧಿಯನ್ನು ಹಿಡಿದು ಹೂಡಿದ ಮೊಕದ್ದಮೆಗಳಲ್ಲಿ ಬಂದವು.

ವಿಶ್ವವಿದ್ಯಾಲಯದ ಮಾತು ನಡೆಯುವುದು ಸಂಯೋಜನೆಯ ಷರತ್ತುಗಳ ಮೂಲಕ. ಕನಿಷ್ಠ ಅರ್ಹತೆಯನ್ನು 1956ರ ಯುಜಿಸಿ ಕಾಯ್ದೆಯಡಿ ರೂಪಿಸಿದ ನಿಯಮಾವಳಿ ನಿಗದಿ ಮಾಡುತ್ತದೆ. 2018ರ ನಿಯಮಾವಳಿಯಂತೆ, ಕಾಲೇಜಿನ ಸಹಾಯಕ ಪ್ರಾಧ್ಯಾಪಕರ ಆಯ್ಕೆ ಸಮಿತಿಗೆ ಆಡಳಿತ ಮಂಡಳಿಯ ಅಧ್ಯಕ್ಷರು ಅಥವಾ ಅವರು ಸೂಚಿಸಿದ ಸದಸ್ಯರೇ ಅಧ್ಯಕ್ಷರು. ಕುಲಪತಿಗಳ ನಾಮನಿರ್ದೇಶಿತರು ಇಬ್ಬರು. ಅರ್ಹತೆ ಇಲ್ಲದವರು ಒಳಬರದಂತೆ ವಿಶ್ವವಿದ್ಯಾಲಯ ತಡೆಯಬಹುದು. ಅರ್ಹರಾದವರಲ್ಲಿ ಇಂಥವರನ್ನೇ ತೆಗೆದುಕೊಳ್ಳಿ ಎಂದು ಹೇಳಹೊರಟಾಗಲೇ ತಕರಾರು.

ಈ ತಕರಾರಿಗೆ ಹಳೆಯ ಉದಾಹರಣೆಗಳುಂಟು. ಬಿಹಾರದ ವಿಶ್ವವಿದ್ಯಾಲಯ ಕಾಯ್ದೆಗೆ ಸೇರಿಸಿದ 48-ಎ ಪ್ರಕರಣವು ಕಾಲೇಜಿನ ನೇಮಕ, ವಜಾಗಳನ್ನು ಸೇವಾ ಆಯೋಗದ ಶಿಫಾರಸಿಗೆ ಕಟ್ಟಿಹಾಕಿತ್ತು. ರಾಂಚಿಯ ಸೇಂಟ್ ಝೇವಿಯರ್ಸ್ ಕಾಲೇಜು ಅದರಿಂದ ಪಾರಾಯಿತು. 1971ರಲ್ಲಿ ಪಂಜಾಬಿನ ಡಿ.ಎ.ವಿ. ಕಾಲೇಜುಗಳ ಸರದಿ. ಅಮೃತಸರದ ಗುರುನಾನಕ್ ವಿಶ್ವವಿದ್ಯಾಲಯವು ಸಿಬ್ಬಂದಿಯ ಮೊದಲ ನೇಮಕಕ್ಕೂ ಮುಂದಿನ ಪ್ರತಿ ಬದಲಾವಣೆಗೂ ಕುಲಪತಿಗಳ ಒಪ್ಪಿಗೆ ಬೇಕೆಂದಿತ್ತು. ಆ ಷರತ್ತನ್ನು ನ್ಯಾಯಾಲಯ ತಳ್ಳಿಹಾಕಿತು. ದೇಶದಲ್ಲಿ ಬಹುಸಂಖ್ಯಾತರಾದ ಹಿಂದೂಗಳು, ಅವರೊಳಗಿನ ಆರ್ಯಸಮಾಜದವರು, ಪಂಜಾಬಿನಲ್ಲಿ ಅಲ್ಪಸಂಖ್ಯಾತರೆಂಬುದು ಈ ಮೊಕದ್ದಮೆಯ ಸ್ವಾರಸ್ಯ.

ನಿರ್ಣಾಯಕವಾದದ್ದು 1974ರ ಅಹಮದಾಬಾದ್ ಸೇಂಟ್ ಝೇವಿಯರ್ಸ್ ಕಾಲೇಜ್ ಪ್ರಕರಣ. ಗುಜರಾತ್ ವಿಶ್ವವಿದ್ಯಾಲಯ ಕಾಯ್ದೆಗೆ 1972ರಲ್ಲಿ ತಂದ ತಿದ್ದುಪಡಿಯು ಪ್ರತಿ ಕಾಲೇಜಿನ ಆಡಳಿತ ಮಂಡಳಿಯಲ್ಲೂ ಪ್ರಾಂಶುಪಾಲರ ಆಯ್ಕೆ ಸಮಿತಿಯಲ್ಲೂ ಕುಲಪತಿಗಳು ಹೆಸರಿಸಿದ ಪ್ರತಿನಿಧಿ ಇರಬೇಕೆಂದಿತು. ಅಧ್ಯಾಪಕರನ್ನು ವಜಾ ಮಾಡಲು ಕುಲಪತಿಗಳ ಅನುಮೋದನೆ ಬೇಕಿತ್ತು. ವಿವಾದ ಪಂಚಾಯಿತಿಗೆ ಹೋದರೆ ಮಧ್ಯಸ್ಥರ ಮೇಲಿನ ತೀರ್ಪುಗಾರನೂ ಕುಲಪತಿಗಳು ನೇಮಿಸಿದವನೇ. ಒಂಬತ್ತು ನ್ಯಾಯಮೂರ್ತಿಗಳ ಪೀಠದ ಬಹುಮತವು ಈ ನಿಯಮಗಳು ಅಲ್ಪಸಂಖ್ಯಾತ ಕಾಲೇಜುಗಳಿಗೆ ಅನ್ವಯಿಸವು ಎಂದಿತು. ಸಂಯೋಜನೆ ಪಡೆಯುವುದು ಮೂಲಭೂತ ಹಕ್ಕಲ್ಲ ಎಂಬುದನ್ನು ಪೀಠ ಒಪ್ಪಿತು. ಆದರೆ ಸಂಯೋಜನೆ ಕೊಡುವ ನೆಪದಲ್ಲಿ ಮೂಲಭೂತ ಹಕ್ಕನ್ನು ಬಿಟ್ಟುಕೊಡಿ ಎನ್ನುವಂತಿಲ್ಲ. ವಜಾಕ್ಕೆ ಒಪ್ಪಿಗೆ ಬೇಕೆಂಬ ನಿಯಮ ಬಿದ್ದದ್ದಕ್ಕೆ ಮುಖ್ಯ ಕಾರಣ, ಯಾವ ಆಧಾರದ ಮೇಲೆ ಒಪ್ಪಿಗೆ ನಿರಾಕರಿಸಬಹುದೆಂದು ಕಾಯ್ದೆ ಎಲ್ಲೂ ಹೇಳದಿದ್ದುದು. ಅರ್ಹತೆ, ಸೇವಾ ಭದ್ರತೆ, ನ್ಯಾಯಯುತ ವಿಚಾರಣೆಗಳ ಬಗ್ಗೆ ನಿಯಮ ಮಾಡಲು ಅಡ್ಡಿಯಿಲ್ಲ ಎಂಬ ಬಾಗಿಲನ್ನು ತೀರ್ಪು ತೆರೆದೇ ಇಟ್ಟಿತು. ಮುಂದಿನ ಅರ್ಧ ಶತಮಾನದ ವಾದವೆಲ್ಲ ಆ ಬಾಗಿಲಿನ ಅಗಲವನ್ನು ಕುರಿತದ್ದೇ.

ಕರ್ನಾಟಕದಿಂದ ಹೋದ ಟಿ.ಎಂ.ಎ. ಪೈ ಪ್ರತಿಷ್ಠಾನದ ಪ್ರಕರಣದಲ್ಲಿ (2002) ಹನ್ನೊಂದು ನ್ಯಾಯಮೂರ್ತಿಗಳ ಪೀಠವು ಸಿಬ್ಬಂದಿ ನೇಮಕವನ್ನು ಸಂಸ್ಥೆ ನಡೆಸುವ ಹಕ್ಕಿನ ಭಾಗವೆಂದೇ ಎಣಿಸಿತು. ಅನುದಾನರಹಿತ ಸಂಸ್ಥೆಗಳ ವಿಷಯದಲ್ಲಿ ಅಲ್ಪಸಂಖ್ಯಾತರಲ್ಲದವರಿಗೂ ಇದು ಅನ್ವಯಿಸಿತು. 2020ರಲ್ಲಿ ಗಾಳಿ ತುಸು ತಿರುಗಿತು: ಪಶ್ಚಿಮ ಬಂಗಾಳದ ಅನುದಾನಿತ ಮದರಸಾಗಳಿಗೆ ಶಿಕ್ಷಕರನ್ನು ಆಯೋಗವೇ ಆರಿಸುವ 2008ರ ಕಾಯ್ದೆಯನ್ನು ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು.

ವಿಶ್ವವಿದ್ಯಾಲಯದ ಸ್ವಂತ ಕಾಲೇಜಿನಲ್ಲಿ ಚಿತ್ರವೇ ಬೇರೆ. ಆಗ ಮೈಸೂರು ವಿಶ್ವವಿದ್ಯಾಲಯಕ್ಕೆ ಸೇರಿದ್ದ ಬೆಂಗಳೂರಿನ ಸೆಂಟ್ರಲ್ ಕಾಲೇಜಿಗೆ ಇಂಗ್ಲಿಷ್ ರೀಡರ್ ನೇಮಕವಾದಾಗ, ಎಂ.ಎ.ಯಲ್ಲಿ ಬಂದ ಶೇ. 50.2 ಅಂಕ 'ಮೇಲ್ಮಟ್ಟದ ದ್ವಿತೀಯ ದರ್ಜೆ' ಅಲ್ಲವೆಂದು ಹೈಕೋರ್ಟ್ ನೇಮಕವನ್ನು ರದ್ದು ಮಾಡಿತ್ತು. ನೇಮಕಗೊಂಡವರಿಗೆ ಡರ್ಹಮ್ ವಿಶ್ವವಿದ್ಯಾಲಯದ ಪದವಿಯೂ ಇತ್ತು. 1963ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ತೆಗೆದುಹಾಕಿ, ದುರುದ್ದೇಶದ ಆರೋಪವಿಲ್ಲದೆಡೆ ತಜ್ಞರ ಅಭಿಪ್ರಾಯದಲ್ಲಿ ನ್ಯಾಯಾಲಯಗಳು ಕೈಹಾಕಲು ಹಿಂಜರಿಯಬೇಕು ಎಂದಿತು. ಆಯ್ಕೆ ಸಮಿತಿಗಳ ಪರ ವಕೀಲರು ಈ ತೀರ್ಪನ್ನು ಈಗಲೂ ಕೈಬಿಟ್ಟಿಲ್ಲ.

ಅನುಮೋದನೆಯ ಅಧಿಕಾರ ಇದ್ದರೂ ಅದು ಅಧ್ಯಾಪಕರ ಕೈಹಿಡಿಯುತ್ತದೆಂದು ಹೇಳಲಾಗದು. ಉತ್ತರ ಪ್ರದೇಶದ ಶಾಮ್ಲಿಯ ವೈಶ್ ಕಾಲೇಜಿನ ಪ್ರಾಂಶುಪಾಲರನ್ನು ಕುಲಪತಿಗಳ ಒಪ್ಪಿಗೆ ಇಲ್ಲದೆಯೇ ತೆಗೆಯಲಾಗಿತ್ತು. ಕಾಲೇಜಿನ ಕಾರ್ಯಕಾರಿ ಸಮಿತಿ ಶಾಸನದಿಂದ ಹುಟ್ಟಿದ ಸಂಸ್ಥೆಯಲ್ಲವೆಂದು ಹೇಳಿ 1976ರಲ್ಲಿ ಸುಪ್ರೀಂ ಕೋರ್ಟ್ ಅವರಿಗೆ ಪುನರ್ನೇಮಕ ಕೊಡಲಿಲ್ಲ. 1989ರಲ್ಲಿ ಅಹಮದಾಬಾದಿನ ಇನ್ನೊಂದು ಖಾಸಗಿ ಕಾಲೇಜಿನ ವಿರುದ್ಧ ಅಧ್ಯಾಪಕರ ಬಾಕಿ ಹಣಕ್ಕಾಗಿ ರಿಟ್ ಹೊರಡಿಸಬಹುದೆಂದು ಹೇಳುವವರೆಗೆ ಈ ಗೋಡೆ ಎತ್ತರವಾಗಿಯೇ ಇತ್ತು. ವಿಶ್ವವಿದ್ಯಾಲಯದ ಬಳಿ ಉಳಿಯುವ ದೊಡ್ಡ ಅಸ್ತ್ರ ಸಂಯೋಜನೆಯನ್ನು ಹಿಂಪಡೆಯುವುದು. ಅದರ ಪೆಟ್ಟು ಆಡಳಿತ ಮಂಡಳಿಗಿಂತ ಮೊದಲು ಬೀಳುವುದು ವಿದ್ಯಾರ್ಥಿಗಳ ಮೇಲೆ.

ವಜಾಗೊಂಡವರ ಮೇಲ್ಮನವಿಯನ್ನು ಜಿಲ್ಲಾ ನ್ಯಾಯಾಧೀಶರ ದರ್ಜೆಯವರಿರುವ ನ್ಯಾಯಮಂಡಳಿ ಕೇಳಬೇಕೆಂದು ಪೈ ತೀರ್ಪು ಸೂಚಿಸಿತು. ಕರ್ನಾಟಕದ ಖಾಸಗಿ ಶಿಕ್ಷಣ ಸಂಸ್ಥೆಗಳ (ಶಿಸ್ತು ಮತ್ತು ನಿಯಂತ್ರಣ) ಅಧಿನಿಯಮವು 1975ರಲ್ಲೇ ಅಂಥ ಶೈಕ್ಷಣಿಕ ಮೇಲ್ಮನವಿ ನ್ಯಾಯಮಂಡಳಿಗೆ ಅವಕಾಶ ಮಾಡಿತ್ತು. ಅಲ್ಲಿ ಅಹವಾಲು ಹೇಳಿಕೊಳ್ಳಲು ಅಧ್ಯಾಪಕರು ಕುಲಪತಿಗಳ ಕಚೇರಿಯ ಮೆಟ್ಟಿಲು ಹತ್ತಬೇಕಾಗಿಲ್ಲ.