ವ್ಯಕ್ತಿಚಿತ್ರದಿಂದ ನೆಲದ ಚರಿತ್ರೆಗೆ

ಕನ್ನಡ ನಾಡಿನ ಸಂಸ್ಕೃತಿ, ಇತಿಹಾಸಗಳನ್ನು ಕುರಿತ ಸಾಕ್ಷ್ಯಚಿತ್ರ ಬಹುಮಟ್ಟಿಗೆ ವ್ಯಕ್ತಿಯ ಬೆನ್ನು ಹಿಡಿದು ಬೆಳೆದಿದೆ. 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ ಚಿತ್ರಮಂದಿರಗಳಲ್ಲಿ ತೋರಿಸುತ್ತಿದ್ದ ಕಿರುಚಿತ್ರಗಳಲ್ಲಿ ದೇಶ ಸರ್ಕಾರದ ದನಿಯಲ್ಲೇ ಮಾತಾಡುತ್ತಿತ್ತು. ಆ ದನಿಗೆ ಆಚೆಯ ದಾರಿ ಹುಡುಕಿದವರಲ್ಲಿ ಗಿರೀಶ ಕಾರ್ನಾಡರು ಮುಖ್ಯರು. 1972ರಲ್ಲಿ ಅವರು ಬೇಂದ್ರೆಯವರನ್ನು ಕುರಿತು ಚಿತ್ರ ಮಾಡಿದರು. 1988ರಲ್ಲಿ ರಾಷ್ಟ್ರಪ್ರಶಸ್ತಿ ಪಡೆದ ‘ಕನಕ ಪುರಂದರ’ ಬಂತು. ಆಮೇಲೆ ಸೂಫಿ–ಭಕ್ತಿ ಪರಂಪರೆಗಳನ್ನು ಕುರಿತ ‘ದಿ ಲ್ಯಾಂಪ್ ಇನ್ ದ ನಿಶ್’. ಒಬ್ಬ ಕವಿ, ಇಬ್ಬರು ದಾಸರು, ಕೊನೆಗೆ ಒಂದು ಪರಂಪರೆ: ಮೂರನ್ನೂ ಸಾಲಾಗಿಟ್ಟರೆ ಕ್ಯಾಮೆರಾ ಮೆಲ್ಲಗೆ ಹಿಂದೆ ಸರಿದು ನೋಟವನ್ನು ಹಿಗ್ಗಿಸಿಕೊಂಡದ್ದು ತಿಳಿಯುತ್ತದೆ. ಬೆಂಗಳೂರನ್ನು ನೆಲೆಯಾಗಿಸಿಕೊಂಡ ಶಬನಂ ವಿರ್ಮಾನಿ ಅವರ ಕಬೀರ್ ಚಿತ್ರಗಳು (2008) ಇನ್ನೂ ಮುಂದೆ ಹೋಗಿ, ಹಾಡುವವರ ಬಾಯಲ್ಲಿ ಇಂದಿಗೂ ಬದುಕಿರುವ ಕಬೀರನನ್ನು ಹುಡುಕಿದವು. ಮುಂದಿನ ಹೆಜ್ಜೆ ನೆಲ ಮತ್ತು ದುಡಿಮೆಯ ಕಡೆಗಿರಬೇಕು ಎಂಬುದು ನನ್ನ ವಾದ. ಅದಕ್ಕೆ ಜಮಖಂಡಿ, ಮುಧೋಳ, ಬೀಳಗಿ, ರಬಕವಿ–ಬನಹಟ್ಟಿ ಸೀಮೆಗಿಂತ ಒಳ್ಳೆಯ ಒರೆಗಲ್ಲಿಲ್ಲ.

ವ್ಯಕ್ತಿಚಿತ್ರಕ್ಕೆ ಇಲ್ಲಿಯೂ ಬರವಿಲ್ಲ. ಮುಧೋಳಕ್ಕೆ ರನ್ನನಿದ್ದಾನೆ, ಜಮಖಂಡಿಗೆ ಅಲ್ಲಿಯೇ ಹುಟ್ಟಿದ ಗುರುದೇವ ರಾನಡೆ ಇದ್ದಾರೆ. ಆದರೆ ಸೀಮೆಯ ದೊಡ್ಡ ಕಥೆಗಳು ಒಬ್ಬರ ಹೆಸರಿನಲ್ಲಿ ಹಿಡಿಸುವಂಥವಲ್ಲ. 1857ರಲ್ಲಿ ಬ್ರಿಟಿಷರಿಗೆ ಆಯುಧ ಒಪ್ಪಿಸಲು ಒಲ್ಲೆನೆಂದು ಎದ್ದು ನಿಂತದ್ದು ಹಲಗಲಿಯ ಬೇಡರ ಇಡೀ ಊರು. ರಬಕವಿ–ಬನಹಟ್ಟಿಯ ಸೀರೆಯಲ್ಲಿ ಕೈಮಗ್ಗದಿಂದ ವಿದ್ಯುತ್ ಮಗ್ಗಕ್ಕೆ ಹೊರಳಿದ ನೂರಾರು ಮನೆಗಳ ದುಡಿಮೆಯಿದೆ. 1989ರಲ್ಲಿ ಕೃಷ್ಣೆಗೆ ಅಡ್ಡಲಾಗಿ ರೈತರೇ ಕಟ್ಟಿದ ಚಿಕ್ಕಪಡಸಲಗಿ ಬ್ಯಾರೇಜ್ ಎಂದರೆ ಅದರ ಮುಂದಾಳು ಸಿದ್ದು ನ್ಯಾಮಗೌಡರ ಹೆಸರು ನೆನಪಾಗುವುದು ನ್ಯಾಯವೇ. ಹಣವನ್ನೂ ಬೆವರನ್ನೂ ಕೊಟ್ಟ ರೈತರನ್ನು ಬಿಟ್ಟರೆ ಆ ಹೆಸರಿನ ಅರ್ಥವೇ ಅರ್ಧವಾಗುತ್ತದೆ.

ಮುಖವಿಲ್ಲದ ಚಿತ್ರವನ್ನು ಯಾರು ನೋಡುತ್ತಾರೆ ಎಂಬ ಆಕ್ಷೇಪವಿದೆ. ನೆಲದ ಚಿತ್ರಕ್ಕೆ ಮುಖಗಳು ಹೆಚ್ಚೇ ಬೇಕು. ಒಂದರ ನೆರಳಿನಲ್ಲಿ ಉಳಿದವು ಮರೆಯಾಗಬಾರದು, ಅಷ್ಟೇ. 1857ಕ್ಕೆ ದೃಶ್ಯದ ದಾಖಲೆ ಎಲ್ಲಿದೆ ಎಂಬುದು ಇನ್ನೂ ಗಟ್ಟಿಯಾದ ಪ್ರಶ್ನೆ. ದೃಶ್ಯವಿಲ್ಲ, ದನಿಯಿದೆ: ಹಲಗಲಿ ಬೇಡರ ಲಾವಣಿಯನ್ನು ಬ್ರಿಟಿಷ್ ಅಧಿಕಾರಿ ಜೆ.ಎಫ್. ಫ್ಲೀಟ್ 19ನೇ ಶತಮಾನದಲ್ಲೇ ಸಂಗ್ರಹಿಸಿ ಪ್ರಕಟಿಸಿದರು. ಲಾವಣಿ ಹೇಳಿದ್ದೆಲ್ಲ ಇತಿಹಾಸವಲ್ಲ, ಸರ್ಕಾರಿ ಕಡತದಲ್ಲಿರುವುದೂ ಅಷ್ಟೇ; ಎರಡನ್ನೂ ಎದುರುಬದುರು ಕೂರಿಸಿ ವಿಚಾರಿಸುವುದು ಸಾಕ್ಷ್ಯಚಿತ್ರಕ್ಕೆ ಒಪ್ಪುವ ಕೆಲಸ. ಈಗ ಎಲ್ಲರ ಕೈಯಲ್ಲೂ ಮೊಬೈಲ್ ಇದೆಯಲ್ಲ ಎನ್ನುವವರಿಗೆ ಇಷ್ಟೇ ಹೇಳಬಹುದು: ಯಾರು, ಎಲ್ಲಿ, ಯಾವಾಗ ಎಂಬ ವಿವರವಿಲ್ಲದ ವಿಡಿಯೊ ಹತ್ತು ವರ್ಷದಲ್ಲಿ ಸಾಕ್ಷ್ಯವಾಗಿ ಉಳಿಯುವುದಿಲ್ಲ.

ಈ ಕೆಲಸಕ್ಕೆ ಗಡುವೂ ಇದೆ. ಆಲಮಟ್ಟಿ ಹಿನ್ನೀರು ಬೀಳಗಿ ಸೀಮೆಯ ಊರುಗಳನ್ನು ಆಗಲೇ ಎಬ್ಬಿಸಿದೆ. ಅಣೆಕಟ್ಟೆಯ ಮಟ್ಟವನ್ನು 519.60 ಮೀಟರಿನಿಂದ 524.256 ಮೀಟರಿಗೆ ಏರಿಸಲು ಕೃಷ್ಣಾ ನ್ಯಾಯಮಂಡಳಿ ಒಪ್ಪಿದೆ. ಏರಿದರೆ ಇನ್ನಷ್ಟು ನೆಲ ಮುಳುಗುತ್ತದೆ. ಪರಿಹಾರದ ಸರ್ವೆಯಲ್ಲಿ ಎಕರೆ ಲೆಕ್ಕ ಸಿಗುತ್ತದೆ. ಅಗಸಿ, ಗರಡಿ, ಮಗ್ಗದ ಮನೆ, ಶ್ರೀಕೃಷ್ಣ ಪಾರಿಜಾತದ ಆಟ ನಡೆದ ಬಯಲು ಅದರೊಳಗೆ ಬರುವುದಿಲ್ಲ. ವಿಶ್ವವಿದ್ಯಾಲಯಗಳು, ಅಕಾಡೆಮಿಗಳು ಜಯಂತಿಯ ವ್ಯಕ್ತಿಚಿತ್ರಗಳಿಗೆ ಇಡುವ ಹಣದಲ್ಲಿ ಒಂದು ಪಾಲನ್ನು ಈ ಊರುಗಳ ಚಿತ್ರೀಕರಣಕ್ಕೆ ಈಗಲೇ ತೆಗೆದಿಡಬೇಕು.